ಕಂಡದ್ದು, ನೆನೆದದ್ದು ಮತ್ತು ನಡುವಿನ ಹೊಲಿಗೆ: ಪ್ರಾಯೋಗಿಕ ಕಿರುಚಿತ್ರಗಳಲ್ಲಿ ನೆನಪು



ನಮ್ಮ ಕಥಾಚಿತ್ರಗಳಲ್ಲಿ ನೆನಪಿಗೆಂದೇ ಒಂದು ಸಿದ್ಧ ಜಾಗವಿದೆ. ಪಾತ್ರ ಮಾತು ನಿಲ್ಲಿಸಿ ದೂರಕ್ಕೆ ದಿಟ್ಟಿಸುತ್ತದೆ, ತೆರೆ ಅಲೆಯಲೆಯಾಗಿ ಕಲಕುತ್ತದೆ ಇಲ್ಲವೇ ಬಣ್ಣ ಇಳಿದು ಕಪ್ಪುಬಿಳುಪಾಗುತ್ತದೆ, ಫ್ಲ್ಯಾಶ್‌ಬ್ಯಾಕ್ ಶುರುವಾಗುತ್ತದೆ. ಅಲ್ಲಿಂದ ಮುಂದೆ ಕಂಡದ್ದೆಲ್ಲ ನಿಜವಾಗಿ ನಡೆದದ್ದೇ ಎಂದು ನಾವು ಒಪ್ಪಿಕೊಂಡುಬಿಡುತ್ತೇವೆ. ಎಷ್ಟೋ ಸಲ ನೆನೆಯುತ್ತಿರುವವನು ಆ ದೃಶ್ಯದ ಕೋಣೆಯಲ್ಲಿ ಇದ್ದಿರುವುದೇ ಇಲ್ಲ. ಆದರೂ ಮುಚ್ಚಿದ ಬಾಗಿಲ ಹಿಂದಿನ ಮಾತುಕತೆ ಅವನ ನೆನಪಿನಲ್ಲಿ ಒಂದಕ್ಷರ ಬಿಡದೆ ಕೇಳಿಸುತ್ತದೆ. ತನ್ನ ಬೆನ್ನು, ತನ್ನ ಕಣ್ಣೀರು ಅವನಿಗೇ ಹೊರಗಿನಿಂದ ಕಾಣುತ್ತವೆ. ಯಾರೂ ತಕರಾರು ಎತ್ತುವುದಿಲ್ಲ. ಕಥೆ ಸಾಗಬೇಕಾದರೆ ನೆನಪು ಸುಳ್ಳಾಡಬಾರದು ಎಂಬ ಕರಾರು ನಿರ್ದೇಶಕನಿಗೂ ನೋಡುಗನಿಗೂ ನಡುವೆ ಆಗಲೇ ಆಗಿಹೋಗಿರುತ್ತದೆ. ಈ ಕರಾರನ್ನು ಬೇರುಮಟ್ಟದಲ್ಲಿ ಪ್ರಶ್ನಿಸಿದವರು ಪ್ರಾಯೋಗಿಕ ಕಿರುಚಿತ್ರಗಳನ್ನು ಮಾಡಿದ ಕೆಲವರು. ಅವರ ಚಿತ್ರಗಳು ನೆನಪು ಕೈಕೊಡುವುದನ್ನು ಯಾರದೋ ಕಥೆಯಾಗಿ ಹೇಳುವ ಬದಲು ನೋಡುಗನ ತಲೆಯೊಳಗೇ ನಡೆಸಿ ತೋರಿಸುತ್ತವೆ ಎಂಬುದು ಇವತ್ತಿನ ನನ್ನ ವಾದ. ಹಾಗೆ ನಡೆದಾಗ ಒಂದು ಸಂಗತಿ ಹೊರಬೀಳುತ್ತದೆ. ಕಣ್ಣು ಕಂಡದ್ದು ಸರಿಯಿರಬಹುದು, ಮನಸ್ಸು ಇಟ್ಟುಕೊಂಡದ್ದೂ ಸರಿಯಿರಬಹುದು; ನಾವು ಎಡವುವುದು ಎರಡನ್ನೂ ಸೇರಿಸುವ ಹೊಲಿಗೆಯಲ್ಲಿ. ಆ ಹೊಲಿಗೆ ಹಾಕಿದವರು ನಾವೇ ಎಂಬುದು ನಮಗೆ ಗೊತ್ತಾಗುವುದಿಲ್ಲ.

ಮೊದಲ ಸಾಕ್ಷ್ಯ ಅಮೆರಿಕದ ಹಾಲಿಸ್ ಫ್ರಾಂಪ್ಟನ್ 1971ರಲ್ಲಿ ಮಾಡಿದ ‘ನಾಸ್ಟಾಲ್ಜಿಯಾ’. 36 ನಿಮಿಷಗಳ ಈ ಚಿತ್ರದಲ್ಲಿ ನಡೆಯುವುದು ಇಷ್ಟೇ: ವಿದ್ಯುತ್ ಒಲೆಯೊಂದರ ಮೇಲೆ ಒಂದು ಫೋಟೊ ಇಡಲಾಗುತ್ತದೆ. ಕ್ಯಾಮೆರಾ ಮೇಲಿನಿಂದ ನೋಡುತ್ತಿರುತ್ತದೆ. ಸ್ವಲ್ಪ ಹೊತ್ತಿಗೆ ಕೆಳಗಿನ ಕಾಯ್ಲಿನ ಸುರುಳಿ ಕಾಗದದ ಮೇಲೆ ಕಂದು ಗೆರೆಯಾಗಿ ಮೂಡುತ್ತದೆ, ಗೆರೆ ಕಪ್ಪಾಗುತ್ತದೆ, ಹೊಗೆ ಏಳುತ್ತದೆ, ಅಂಚು ಮುದುಡುತ್ತದೆ, ಕೊನೆಗೆ ಬೂದಿಯ ಒಂದು ಹಾಳೆ ಬಿಸಿಗೆ ನಡುಗುತ್ತಾ ಉಳಿಯುತ್ತದೆ. ಆಮೇಲೆ ಇನ್ನೊಂದು ಫೋಟೊ. ಜೊತೆಗೆ ಒಂದು ಧ್ವನಿ, ‘ನಾನು ಈ ಚಿತ್ರವನ್ನು ಇಂಥ ದಿನ ತೆಗೆದೆ’ ಎಂಬ ಧಾಟಿಯಲ್ಲಿ ಶಾಂತವಾಗಿ ವಿವರಿಸುತ್ತಾ ಹೋಗುತ್ತದೆ. ಫ್ರಾಂಪ್ಟನ್ ಚಲನಚಿತ್ರಕ್ಕೆ ಬರುವ ಮೊದಲು ಫೋಟೊಗ್ರಾಫರ್ ಆಗಿದ್ದವರು, ಸುಡುತ್ತಿರುವುದು ಹೆಚ್ಚಾಗಿ ಅವರದೇ ಹಳೆಯ ಕೆಲಸ. ಆದರೆ ನಾವು ಕೇಳುತ್ತಿರುವ ವಿವರಣೆ ಕಣ್ಣೆದುರಿನ ಫೋಟೊದ್ದಲ್ಲ, ಇನ್ನೂ ಬರಬೇಕಾದ ಮುಂದಿನ ಫೋಟೊದ್ದು. ಇದನ್ನು ಯಾರೂ ಮುಂಚಿತವಾಗಿ ಹೇಳುವುದಿಲ್ಲ. ಒಂದು ಉದಾಹರಣೆ ಸಾಕು. 1959ರ ಮಾರ್ಚ್ 11ರಂದು, ತಮ್ಮ ಇಪ್ಪತ್ತಮೂರನೆಯ ಹುಟ್ಟುಹಬ್ಬದ ದಿನ, ಫ್ರಾಂಪ್ಟನ್ ತೆಗೆದುಕೊಂಡ ಸ್ವಂತ ಭಾವಚಿತ್ರದ ಮಾತು ಬರುತ್ತದೆ. ಈ ಮುಖ ನನ್ನದು, ಅಥವಾ ಆಗ ನನ್ನದಾಗಿತ್ತು ಎನ್ನುತ್ತದೆ ಧ್ವನಿ. ಆಗಿನಿಂದ ಈವರೆಗೆ ದೇಹ ಒಂದಕ್ಕಿಂತ ಹೆಚ್ಚು ಸಲ ಪೂರ್ತಿ ಹೊಸದಾಗಿದೆ ಎಂದು ಸಮಾಧಾನಪಟ್ಟುಕೊಂಡು, ನರಮಂಡಲ ಮಾತ್ರ ಇದಕ್ಕೆ ಹೊರತು ಎಂದು ಕೇಳಿದ್ದೇನೆ ಎಂದೂ ಸೇರಿಸುತ್ತದೆ. ಆ ಹೊತ್ತಿಗೆ ಒಲೆಯ ಮೇಲಿರುವುದು ಅವರ ಗೆಳೆಯ, ಶಿಲ್ಪಿ ಕಾರ್ಲ್ ಆಂಡ್ರೆಯ ಮುಖ. ಗುಟ್ಟು ತಿಳಿಯದ ನೋಡುಗ ಆಂಡ್ರೆಯನ್ನೇ ಫ್ರಾಂಪ್ಟನ್ ಎಂದುಕೊಳ್ಳುತ್ತಾನೆ. ಅಷ್ಟೇ ಆಗಿದ್ದರೆ ಅದು ಬರಿಯ ತಪ್ಪು ಮಾಹಿತಿ. ಆದರೆ ನೋಡುಗ ಆ ಮುಖದಲ್ಲಿ ಧ್ವನಿ ಹೇಳುವ ಇಪ್ಪತ್ತಮೂರರ ಹರೆಯದ ಆತ್ಮತೃಪ್ತಿಯನ್ನು ಹುಡುಕುತ್ತಾನೆ, ಹುಡುಕಿದ್ದು ಸಿಕ್ಕಿಯೂ ಬಿಡುತ್ತದೆ. ಮುಂದಿನ ಫೋಟೊ ಬಂದಾಗ, ಅಥವಾ ಇನ್ನೂ ಒಂದೆರಡು ಕಳೆದ ಮೇಲೆ, ವಿವರಣೆಗೂ ಚಿತ್ರಕ್ಕೂ ತಾಳೆಯಿಲ್ಲ ಎಂದು ಹೊಳೆಯುತ್ತದೆ. ಆಗ ಅವನಿಗೆ ಇಕ್ಕಟ್ಟು ಶುರು. ಕಾಣುತ್ತಿರುವುದನ್ನು ಅರಿಯಲು ಆಗಲೇ ಕೇಳಿ ಅರ್ಧ ಮರೆತ ಮಾತನ್ನು ನೆನೆಯಬೇಕು. ಕೇಳುತ್ತಿರುವುದನ್ನು ಇನ್ನೂ ಕಾಣದ ಚಿತ್ರಕ್ಕಾಗಿ ಎತ್ತಿಡಬೇಕು. ಈ ನಡುವೆ ಎದುರಿನ ಫೋಟೊ ಸುಟ್ಟುಹೋಗುತ್ತಿರುತ್ತದೆ, ಮತ್ತೆ ನೋಡಲು ಸಿಗುವುದಿಲ್ಲ.

ಇನ್ನೂ ಒಂದು ಪದರವಿದೆ. ‘ನಾನು’ ಎನ್ನುವ ಧ್ವನಿ ಫ್ರಾಂಪ್ಟನ್ನರದಲ್ಲ. ಬರಹ ಅವರದು, ಓದಿದವರು ಕೆನಡಾದ ಕಲಾವಿದ, ಚಿತ್ರ ನಿರ್ದೇಶಕ ಮೈಕೆಲ್ ಸ್ನೋ. ಒಂದು ಕಡೆ ಸ್ನೋ ಅವರದೇ ಪ್ರಸ್ತಾಪ ಬರುತ್ತದೆ. ಅವರಿಗಾಗಿ ಮಾಡಿದ ಪೋಸ್ಟರಿನ ಅಕ್ಷರಗಳು ಅವರಿಗೆ ಸ್ವಲ್ಪವೂ ಹಿಡಿಸಲಿಲ್ಲ, ಆ ವಿಷಯ ಇನ್ನೂ ಮನಸ್ಸಿನಲ್ಲಿ ಕೊರೆಯುತ್ತಿದೆ, ಅವರ ಕ್ಷಮೆ ಕೇಳುವ ಹಾಗಿದ್ದರೆ ಚೆನ್ನಾಗಿತ್ತು ಎಂದು ಸ್ನೋ ಅವರ ಬಾಯಿಂದಲೇ ಕೇಳುತ್ತೇವೆ. ಕ್ಷಮೆ ಯಾರಿಗೆ ಸಲ್ಲಬೇಕೋ ಅವರೇ ಅದನ್ನು ಓದುತ್ತಿದ್ದಾರೆ. ಈ ಧ್ವನಿ ಯಾರದು ಎಂದು ಚಿತ್ರದೊಳಗಿಂದ ತಿಳಿಯುವ ದಾರಿಯಿಲ್ಲ. ಧ್ವನಿಯಲ್ಲಿ ‘ನಾನು’ ಕೇಳಿದೊಡನೆ ಅದಕ್ಕೊಬ್ಬ ಒಡೆಯನನ್ನು ನಾವೇ ಒದಗಿಸಿದೆವು. ಚಿತ್ರದ ಕೊನೆಯ ವಿವರಣೆಗಂತೂ ಫೋಟೊವೇ ಇಲ್ಲ. ದೊಡ್ಡದು ಮಾಡಿ ನೋಡಿದಾಗ ಅದರಲ್ಲಿ ಕಂಡದ್ದು ಎಂಥ ಭಯ ಹುಟ್ಟಿಸಿತೆಂದರೆ ಇನ್ನೆಂದೂ ಫೋಟೊ ತೆಗೆಯಲಾರೆ ಎನ್ನುವ ಧ್ವನಿ, ನನಗೆ ಕಂಡದ್ದು ನಿಮಗೂ ಕಾಣುತ್ತಿದೆಯೇ ಎಂದು ಕೇಳಿ ಸುಮ್ಮನಾಗುತ್ತದೆ. ಅಷ್ಟು ಹೊತ್ತಿಗೆ ಪಳಗಿದ ಮನಸ್ಸು ಆ ಇಲ್ಲದ ಚಿತ್ರವನ್ನು ತಾನೇ ಬರೆದುಕೊಂಡಿರುತ್ತದೆ.

ಇದು ಒಬ್ಬ ಕಲಾವಿದನ ಚಮತ್ಕಾರವಿರಬಹುದಲ್ಲ, ಮನುಷ್ಯನ ನೆನಪಿನ ಬಗ್ಗೆ ಇದರಿಂದ ಏನು ಸಾಬೀತಾಯಿತು ಎಂದು ಯಾರಾದರೂ ಕೇಳಿದರೆ ಅದು ನ್ಯಾಯವಾದ ಪ್ರಶ್ನೆ. ಉತ್ತರಕ್ಕೆ ಪ್ರಯೋಗಾಲಯದತ್ತ ನೋಡಬಹುದು. ಮನಶ್ಶಾಸ್ತ್ರಜ್ಞರಾದ ಎಲಿಜಬೆತ್ ಲಾಫ್ಟಸ್ ಮತ್ತು ಜಾನ್ ಪಾಮರ್ ವಾಷಿಂಗ್ಟನ್ ವಿಶ್ವವಿದ್ಯಾಲಯದಲ್ಲಿ ನಡೆಸಿ 1974ರಲ್ಲಿ ಪ್ರಕಟಿಸಿದ ಪ್ರಯೋಗದ ಸಾಮಗ್ರಿಯೂ ಒಂದು ತುಂಡುಚಿತ್ರವೇ. ಒಂದು ನಿಮಿಷಕ್ಕೂ ಕಡಿಮೆ ಅವಧಿಯ ಕಾರು ಅಪಘಾತದ ದೃಶ್ಯವನ್ನು 150 ವಿದ್ಯಾರ್ಥಿಗಳಿಗೆ ತೋರಿಸಲಾಯಿತು. 50 ಮಂದಿಗೆ ಕಾರುಗಳು ಒಂದಕ್ಕೊಂದು ಅಪ್ಪಳಿಸಿ ಜಜ್ಜಿಹೋದಾಗ ವೇಗ ಎಷ್ಟಿತ್ತು ಎಂದು ಕೇಳಿದರು; ಇನ್ನು 50 ಮಂದಿಗೆ ಅದೇ ಪ್ರಶ್ನೆ, ಆದರೆ ಕಾರುಗಳು ಡಿಕ್ಕಿಯಾದಾಗ ಎಂಬ ಸಪ್ಪೆ ಮಾತಿನಲ್ಲಿ; ಉಳಿದವರಿಗೆ ವೇಗದ ಪ್ರಶ್ನೆಯನ್ನೇ ಕೇಳಲಿಲ್ಲ. ಒಂದು ವಾರದ ಮೇಲೆ ಎಲ್ಲರಿಗೂ ಒಂದು ಪ್ರಶ್ನೆ: ಒಡೆದ ಗಾಜು ಕಂಡಿರಾ? ಚಿತ್ರದಲ್ಲಿ ಒಡೆದ ಗಾಜು ಇರಲಿಲ್ಲ. ಮೊದಲ ಗುಂಪಿನಲ್ಲಿ 16 ಮಂದಿ ಕಂಡೆವು ಎಂದರು, ಎರಡನೆಯದರಲ್ಲಿ 7, ಮೂರನೆಯದರಲ್ಲಿ 6. ಆ ಹದಿನಾರು ಮಂದಿಯ ಕಣ್ಣು ಕೆಟ್ಟಿರಲಿಲ್ಲ. ‘ಅಪ್ಪಳಿಸಿ’ ಎಂಬ ಮಾತನ್ನೂ ಅವರು ಸರಿಯಾಗಿಯೇ ಕೇಳಿಸಿಕೊಂಡಿದ್ದರು. ನೋಡಿದ ಚಿತ್ರವೂ ಆಮೇಲೆ ಕೇಳಿದ ಪದವೂ ಒಂದೇ ನೆನಪಾಗಿ ಹೊಲಿದುಕೊಂಡವು, ಹೊಲಿಗೆಯ ಜಾಗದಲ್ಲಿ ಗಾಜು ಹುಟ್ಟಿತು. ಫ್ರಾಂಪ್ಟನ್ ಆಂಡ್ರೆಯ ಮುಖದ ಮೇಲೆ ತಮ್ಮ ಹುಟ್ಟುಹಬ್ಬದ ಮಾತನ್ನು ಇಟ್ಟು ಮಾಡಿದ್ದೂ ಇದನ್ನೇ. ವ್ಯತ್ಯಾಸವೆಂದರೆ, ಪ್ರಯೋಗಾಲಯದಲ್ಲಿ ತಪ್ಪಿದವರ ಲೆಕ್ಕ ವಿಜ್ಞಾನಿಯ ಕೈಯಲ್ಲಿ ಉಳಿಯುತ್ತದೆ. ಸಿನಿಮಾದಲ್ಲಿ ತಪ್ಪಿದವನಿಗೇ ಅದು ಅರಿವಾಗುತ್ತದೆ.

ಸಿನಿಮಾದವರು ಇದನ್ನು ಲಾಫ್ಟಸ್ ಪ್ರಯೋಗಕ್ಕಿಂತ ಬಹಳ ಮೊದಲೇ ಬಲ್ಲವರಾಗಿದ್ದರು. ರಷ್ಯಾದ ನಿರ್ದೇಶಕ ಲೆವ್ ಕುಲೆಶೋವ್ ನಟ ಮೊಸ್ಜೂಕಿನ್‌ನ ಭಾವರಹಿತ ಮುಖದ ಒಂದೇ ತುಣುಕನ್ನು ಬೇರೆ ಬೇರೆ ದೃಶ್ಯಗಳ ಪಕ್ಕ ಅಂಟಿಸಿದರೆಂದೂ, ಸೂಪಿನ ತಟ್ಟೆಯ ಪಕ್ಕ ಜನ ಅದರಲ್ಲಿ ಹಸಿವನ್ನು, ಶವಪೆಟ್ಟಿಗೆಯ ಪಕ್ಕ ದುಃಖವನ್ನು ಕಂಡರೆಂದೂ ಸಂಕಲನದ ಪಾಠ ಕೇಳಿದವರಿಗೆಲ್ಲ ಗೊತ್ತು. ಆದರೆ ಆ ತುಣುಕುಗಳು ಇವತ್ತು ಉಳಿದಿಲ್ಲ. ಉಳಿದದ್ದು ಹೇಳಿಕೆಗಳು ಮಾತ್ರ. ಕುಲೆಶೋವ್ ಅವರ ಶಿಷ್ಯ, ನಿರ್ದೇಶಕ ಪುದೊವ್ಕಿನ್ ಬರೆದ ಪ್ರಕಾರ ಪೆಟ್ಟಿಗೆಯಲ್ಲಿದ್ದದ್ದು ಸತ್ತ ಹೆಂಗಸು, ಮೂರನೆಯ ದೃಶ್ಯದಲ್ಲಿ ಗೊಂಬೆ ಕರಡಿಯ ಜೊತೆ ಆಡುವ ಪುಟ್ಟ ಹುಡುಗಿ. ಈಗ ಎಲ್ಲೆಡೆ ಚಾಲ್ತಿಯಲ್ಲಿರುವ ಕಥೆಯಲ್ಲಿ ಹುಡುಗಿಯೇ ಪೆಟ್ಟಿಗೆಯಲ್ಲಿ ಮಲಗಿದ್ದಾಳೆ, ಮೂರನೆಯದರಲ್ಲಿ ಸೋಫಾದ ಮೇಲೆ ಒರಗಿದ ಯುವತಿಯಿದ್ದಾಳೆ. ಎರಡು ತುಣುಕು ಸೇರಿದಾಗ ಮೂರನೆಯ ಅರ್ಥ ಹುಟ್ಟುತ್ತದೆ ಎಂದು ತೋರಿಸಿದ ಪ್ರಯೋಗವೇ ನೆನಪಿನಲ್ಲಿ ತುಣುಕು ತುಣುಕಾಗಿ ಸೇರಿ ಬೇರೆಯಾಗಿಹೋಗಿದೆ. ಸಿನಿಮಾದ ಇತಿಹಾಸ ಬರೆಯುವವರು ಇದನ್ನು ಅಡಿಟಿಪ್ಪಣಿಗೆ ತಳ್ಳುವುದು ನನಗೆ ಸರಿಕಾಣುವುದಿಲ್ಲ. ವಾದದ ನಡುಮನೆಗೆ ಬರಬೇಕಾದ ಸಂಗತಿ ಇದು.

ಈ ಹೊಲಿಗೆಯ ಸ್ವರೂಪವನ್ನು ಅತ್ಯಂತ ನಿಖರವಾಗಿ ಹೇಳುವ ಮಾತು ನಮ್ಮ ದರ್ಶನಗಳಲ್ಲಿದೆ. ಕಪ್ಪೆಚಿಪ್ಪನ್ನು ನೋಡಿ ‘ಇದು ಬೆಳ್ಳಿ’ ಎನ್ನುವವನ ಭ್ರಮೆ ಏನು ಎಂಬುದು ಶತಮಾನಗಳ ಕಾಲ ನಡೆದ ಚರ್ಚೆ. ಸುಮಾರು ಏಳನೆಯ ಶತಮಾನದ ಮೀಮಾಂಸಕ ಪ್ರಭಾಕರ ಕೊಟ್ಟ ಉತ್ತರ ವಿಶಿಷ್ಟವಾದದ್ದು. ಅವನ ಪ್ರಕಾರ ಇಲ್ಲಿ ಸುಳ್ಳು ಜ್ಞಾನವೇ ಇಲ್ಲ. ‘ಇದು’ ಎಂಬುದು ಕಣ್ಣಿನಿಂದ ಬಂದ ಪ್ರತ್ಯಕ್ಷ, ಅದು ಸರಿ. ‘ಬೆಳ್ಳಿ’ ಎಂಬುದು ಹಿಂದೆಂದೋ ಕಂಡದ್ದರ ಸ್ಮೃತಿ, ಅದೂ ಸರಿ. ಆದರೆ ಸ್ಮೃತಿ ತಾನು ಸ್ಮೃತಿ ಎಂಬ ಗುರುತನ್ನು ಕಳಚಿಕೊಂಡು ಬಂದಿದೆ. ಎರಡರ ನಡುವಿನ ಭೇದ ತೋರದೆ ಹೋದದ್ದೇ ಭ್ರಮೆ. ಇದಕ್ಕೆ ಅಖ್ಯಾತಿವಾದ ಎಂದು ಹೆಸರು. ನೈಯಾಯಿಕರೂ ಅದ್ವೈತಿಗಳೂ ಇದನ್ನು ಒಪ್ಪಲಿಲ್ಲ. ಬೆಳ್ಳಿಯೆಂದು ಕೈಚಾಚುವವನಲ್ಲಿ ಎರಡು ಬಿಡಿ ಜ್ಞಾನಗಳಿಲ್ಲ, ಬೆರೆತ ಒಂದೇ ಜ್ಞಾನವಿದೆ ಎಂಬ ಅವರ ಆಕ್ಷೇಪಕ್ಕೆ ಬಲವಿದೆ. ಎಲ್ಲ ಭ್ರಮೆಗೂ ಪ್ರಭಾಕರನ ವಿವರಣೆ ಸಾಲುತ್ತದೆ ಎಂದು ನಾನೂ ಹೇಳುವುದಿಲ್ಲ. ಟೋನಿ ಕಾನ್ರಾಡ್ 1966ರಲ್ಲಿ ಮಾಡಿದ ‘ದಿ ಫ್ಲಿಕರ್’ ಚಿತ್ರದ ಉದ್ದಕ್ಕೂ ಬರಿಯ ಕಪ್ಪು ಮತ್ತು ಬಿಳಿ ಫ್ರೇಮುಗಳು ಮಿಣುಕುತ್ತವೆ. ನೋಡುವವರಿಗೆ ಫಿಲ್ಮಿನಲ್ಲಿ ಇಲ್ಲದ ಬಣ್ಣಗಳು ಕಾಣುತ್ತವೆ. ಅದು ಕಣ್ಣು ಮತ್ತು ಮಿದುಳಿನ ಸಂಗತಿ, ಅಲ್ಲಿ ಸ್ಮೃತಿಗೆ ಕೆಲಸವಿಲ್ಲ, ಅಂಥ ಚಿತ್ರಗಳನ್ನು ಈ ವಾದದಿಂದ ಹೊರಗೇ ಇಡುತ್ತೇನೆ. ಆದರೆ ‘ನಾಸ್ಟಾಲ್ಜಿಯಾ’ದಲ್ಲಿ ನಡೆಯುವುದಕ್ಕೆ ಪ್ರಭಾಕರನ ಮಾತಿಗಿಂತ ಹತ್ತಿರದ ವಿವರಣೆಯನ್ನು ನಾನು ಕಾಣೆ.

ಕ್ರಿಸ್ ಮಾರ್ಕರ್ ಅವರ ‘ಲಾ ಜೆತೆ’ (1962) ಇದೇ ಸಂಗತಿಯನ್ನು ತಿರುವುಮುರುವಾಗಿ ತೋರಿಸುತ್ತದೆ. ಪ್ಯಾರಿಸ್ಸಿನ ಓರ್ಲಿ ವಿಮಾನ ನಿಲ್ದಾಣದ ವೀಕ್ಷಣಾ ಕಟ್ಟೆಯ ಮೇಲೆ ಬಾಲಕನೊಬ್ಬ ಒಂದು ಹೆಣ್ಣಿನ ಮುಖವನ್ನೂ ಒಬ್ಬ ಮನುಷ್ಯ ಸಾಯುವುದನ್ನೂ ನೋಡುತ್ತಾನೆ. ಮೂರನೆಯ ಮಹಾಯುದ್ಧ ನಗರವನ್ನು ನೆಲಸಮ ಮಾಡಿದ ಮೇಲೆ, ನೆಲಮಾಳಿಗೆಯ ಕೈದಿಯಾದ ಅವನನ್ನು ಕಾಲದಲ್ಲಿ ಹಿಂದಕ್ಕೆ ಕಳಿಸುವ ಪ್ರಯೋಗಕ್ಕೆ ಆರಿಸುತ್ತಾರೆ. ಆ ಒಂದು ಮುಖ ಅವನ ಮನಸ್ಸಿನಲ್ಲಿ ಅಷ್ಟು ಗಟ್ಟಿಯಾಗಿ ನಿಂತಿರುವುದೇ ಅದಕ್ಕೆ ಕಾರಣ. 28 ನಿಮಿಷಗಳ ಈ ಚಿತ್ರ ಹೆಚ್ಚುಕಡಿಮೆ ಪೂರ್ತಿ ಸ್ಥಿರಚಿತ್ರಗಳಿಂದ ಕಟ್ಟಿದ್ದು. ಒಂದು ಸ್ಥಿರಚಿತ್ರ ಇನ್ನೊಂದರೊಳಗೆ ಕರಗುತ್ತದೆ, ನಿರೂಪಕನ ಧ್ವನಿ ಅವುಗಳ ನಡುವಿನ ಕಂದರ ತುಂಬುತ್ತದೆ, ಉಳಿದ ಚಲನೆ ನಮ್ಮದು. ಒಂದೇ ಒಂದು ಕಡೆ ಫಿಲ್ಮು ನಿಜವಾಗಿ ಚಲಿಸುತ್ತದೆ. ನಿದ್ದೆಯಲ್ಲಿರುವ ಆ ಹೆಣ್ಣಿನ ಚಿತ್ರಗಳು ಒಂದರ ಮೇಲೊಂದು ಬರುತ್ತವೆ, ಹಕ್ಕಿಗಳ ದನಿ ಏರುತ್ತಾ ಹೋಗುತ್ತದೆ, ಅವಳು ಕಣ್ಣು ತೆರೆದು ನಮ್ಮತ್ತ ನೋಡಿ ರೆಪ್ಪೆ ಬಡಿಯುತ್ತಾಳೆ. ಕೆಲವೇ ಸೆಕೆಂಡು. ಅದು ಬರುವ ತನಕ ಚಿತ್ರ ನಿಂತಲ್ಲೇ ನಿಂತಿದೆ ಎಂಬುದನ್ನು ನಾವು ಮರೆತಿರುತ್ತೇವೆ. ಕೊನೆಗೆ ಅವನು ಕಟ್ಟೆಯ ಮೇಲೆ ಅವಳತ್ತ ಓಡುವಾಗ ಕಾವಲಿನವನ ಕೈಯಲ್ಲಿ ಸಾಯುತ್ತಾನೆ. ಬಾಲಕನಾಗಿ ಕಂಡ ಸಾವು ತನ್ನದೇ ಎಂದು ಆಗ ಅರಿಯುತ್ತಾನೆ. ಈ ಕೊನೆಯನ್ನು ವಿಧಿಯ ಕಥೆಯೆಂದು ಓದುವುದು ವಾಡಿಕೆ. ನನಗೆ ಮುಖ್ಯವಾದದ್ದು ಬೇರೆ. ಅವನು ಕಂಡದ್ದು ನಿಜ. ವರ್ಷಗಟ್ಟಲೆ ನೆನಪಿಟ್ಟುಕೊಂಡದ್ದೂ ನಿಜ. ಸತ್ತವನೂ ನೋಡಿದವನೂ ಒಬ್ಬನೇ ಎಂಬುದಷ್ಟೇ ಅವನಿಗೆ ತೋಚಲಿಲ್ಲ. ಪ್ರಭಾಕರನ ಉದಾಹರಣೆಯಲ್ಲಿ ಭೇದ ಕಾಣುವುದಿಲ್ಲ, ಇಲ್ಲಿ ಅಭೇದ ಕಾಣುವುದಿಲ್ಲ. ಎರಡು ಕಡೆಯೂ ಬಿಡಿಗಳು ಗಟ್ಟಿ, ಜೋಡಣೆ ಸಡಿಲ.

ಮಾಯಾ ಡೆರೆನ್ ಮತ್ತು ಅಲೆಕ್ಸಾಂಡರ್ ಹ್ಯಾಮಿಡ್ 1943ರಲ್ಲಿ ಲಾಸ್ ಏಂಜಲೀಸಿನಲ್ಲಿ ಮಾಡಿದ ‘ಮೆಶಸ್ ಆಫ್ ದಿ ಆಫ್ಟರ್‌ನೂನ್’ ಬಗ್ಗೆ ಹೆಚ್ಚು ಹೇಳಬೇಕಾಗಿಲ್ಲ, ಈ ಪ್ರಕಾರದ ಯಾವ ಚರ್ಚೆಯೂ ಅದನ್ನು ಬಿಟ್ಟು ನಡೆದಿಲ್ಲ. ಹದಿನಾಲ್ಕು ನಿಮಿಷದ ಆ ಮೂಕಿ ಚಿತ್ರದಲ್ಲಿ ಬೀಗದ ಕೈ, ಬ್ರೆಡ್ ಕೊಯ್ಯುವ ಚಾಕು, ಹೂವು, ಟೆಲಿಫೋನು ಎಂಬ ನಾಲ್ಕಾರು ವಸ್ತುಗಳು ನಾಯಕಿಯ ಕನಸಿನಲ್ಲಿ ಸುತ್ತಿನ ಮೇಲೆ ಸುತ್ತು ಬರುತ್ತವೆ. ಮೇಜಿನ ಮೇಲಿದ್ದ ಚಾಕು ಮುಂದಿನ ಸುತ್ತಿನಲ್ಲಿ ಮೆಟ್ಟಿಲ ಮೇಲಿದೆ. ‘ಇದು ಅದೇ’ ಎಂದು ನಾವು ಗುರುತಿಸುವ ಹೊತ್ತಿಗೆ ಅದು ಅದಲ್ಲ ಎಂದಾಗಿರುತ್ತದೆ.

ಇನ್ನು ಆಕ್ಷೇಪಗಳು. ಪೂರ್ಣಾವಧಿಯ ಚಿತ್ರಗಳು ಇದನ್ನು ಮಾಡಿಲ್ಲವೇ? ಕುರೊಸಾವಾ ಅವರ ‘ರಾಶೊಮಾನ್’ (1950) ಇದೆ, ಕ್ರಿಸ್ಟೊಫರ್ ನೋಲನ್ ಅವರ ‘ಮೆಮೆಂಟೊ’ (2000) ಇದೆ. ಎರಡೂ ದೊಡ್ಡ ಕೃತಿಗಳೇ. ಆದರೆ ‘ರಾಶೊಮಾನ್’ನಲ್ಲಿ ಹೇಳಿಕೆ ಬದಲಿಸುವವರು ಪಾತ್ರಗಳು, ನಾವು ಕೂತಿರುವುದು ನ್ಯಾಯಾಧೀಶರ ಪೀಠದಲ್ಲಿ. ‘ಮೆಮೆಂಟೊ’ದ ನಾಯಕನಿಗೆ ಹೆಸರಿರುವ ಒಂದು ಕಾಯಿಲೆಯಿದೆ, ಅದು ನಮಗಿಲ್ಲ ಎಂಬ ಭದ್ರತೆಯಿಂದ ಅವನನ್ನು ನೋಡುತ್ತೇವೆ. ಅವಧಿ ಹೆಚ್ಚಿದಂತೆ ಕಥೆ ಬೇಕಾಗುತ್ತದೆ, ಕಥೆಗೆ ಕಾರಣ ಬೇಕಾಗುತ್ತದೆ. ಕಾರಣ ಸಿಕ್ಕ ಕೂಡಲೇ ತಪ್ಪು ಪಾತ್ರದ ಖಾತೆಗೆ ಜಮೆಯಾಗುತ್ತದೆ. ಇನ್ನೊಂದು ತಾಂತ್ರಿಕ ಸಂಗತಿಯೂ ಇದೆ. ಎರಡೂವರೆ ಗಂಟೆಯ ಚಿತ್ರ ಮುಖ್ಯ ವಿವರವನ್ನು ಮತ್ತೆ ಮತ್ತೆ ನೆನಪಿಸುತ್ತದೆ, ಪ್ರೇಕ್ಷಕ ಮರೆತರೆ ನಷ್ಟ ನಿರ್ಮಾಪಕನದು. ಕಿರುಚಿತ್ರಕ್ಕೆ ಆ ಹಂಗಿಲ್ಲ. ಎರಡು ಮೂರು ನಿಮಿಷ ಒಂದು ವಿವರಣೆಯನ್ನು ಮನಸ್ಸಿನಲ್ಲಿ ಹಿಡಿದಿಡು ಎಂದು ಕೇಳಬಹುದಾದ, ಹಿಡಿದಿಡಲಾಗದೆ ಸೋಲುವುದು ಅನುಭವಕ್ಕೆ ಬರಬಹುದಾದ ಅಳತೆ ಅದರದು. ಕಿರಿದಾಗಿರುವುದು ಈ ಚಿತ್ರಗಳಿಗೆ ಬಡತನದಿಂದ ಬಂದದ್ದೂ ಹೌದು, ಆದರೆ ಅವು ಮಾಡುವ ಕೆಲಸಕ್ಕೆ ಆ ಅಳತೆಯೇ ಬೇಕು.

ಎರಡನೆಯ ಆಕ್ಷೇಪ ಇದಕ್ಕಿಂತ ಭಾರವಾದದ್ದು. ನೆನಪನ್ನು ನಂಬಬೇಡಿ ಎಂದು ಹೇಳಿಕೊಡುವ ಕಲೆ ಯಾರಿಗೆ ಅನುಕೂಲ? ದೌರ್ಜನ್ಯಕ್ಕೆ ಸಿಕ್ಕವರ ಬಳಿ ಎಷ್ಟೋ ಸಲ ನೆನಪಲ್ಲದೆ ಬೇರೆ ಪುರಾವೆ ಇರುವುದಿಲ್ಲ. ಕಂಡದ್ದೇ ಸಂದೇಹ ಎಂದರೆ ಅವರ ಬಾಯಿ ಕಟ್ಟಿದಂತಾಗಲಿಲ್ಲವೇ? ಈ ಪ್ರಶ್ನೆಗೆ ಉತ್ತರ ಕೊಡದೆ ಈ ಚಿತ್ರಗಳನ್ನು ಹೊಗಳುವ ಹಕ್ಕು ಯಾವ ವಿಮರ್ಶಕನಿಗೂ ಇಲ್ಲವೆಂದು ನಾನು ನಂಬುತ್ತೇನೆ. ಇಲ್ಲಿ ಉಡುಪಿಯ ಮಧ್ವಾಚಾರ್ಯರ ಕಡೆಗೆ ತಿರುಗುತ್ತೇನೆ. ಸ್ಮೃತಿ ಹೊಸ ಅನುಭವವಲ್ಲವಾದ್ದರಿಂದ ಅದನ್ನು ಪ್ರಮೆ, ಅಂದರೆ ದಿಟವಾದ ಅರಿವು, ಎಂದು ಎಣಿಸಬಾರದು ಎಂದು ನೈಯಾಯಿಕರು ವಾದಿಸುತ್ತಿದ್ದರು. ಮಧ್ವರೂ ಅವರ ಪರಂಪರೆಯ ಜಯತೀರ್ಥರೂ ಅದನ್ನು ತಳ್ಳಿಹಾಕಿದರು. ಕಳೆದದ್ದನ್ನು ಮನಸ್ಸೆಂಬ ಇಂದ್ರಿಯ ನೇರವಾಗಿ ಅರಿಯಬಲ್ಲದು, ಇದ್ದದ್ದನ್ನು ಇದ್ದಂತೆ ತಿಳಿಸುವ ಸ್ಮೃತಿ ಪ್ರಮಾಣವೇ ಎಂದರು. ಈಗ ‘ನಾಸ್ಟಾಲ್ಜಿಯಾ’ಕ್ಕೆ ಮರಳಿ ನೋಡಿ. ಧ್ವನಿಗೂ ಚಿತ್ರಕ್ಕೂ ತಾಳೆಯಿಲ್ಲ ಎಂದು ನೋಡುಗನಿಗೆ ಗೊತ್ತಾದದ್ದು ಹೇಗೆ? ಮೂರು ನಿಮಿಷದ ಹಿಂದಿನ ಮಾತು ಅವನ ನೆನಪಿನಲ್ಲಿ ಉಳಿದಿತ್ತು, ಅದಕ್ಕೆ. ನೆನಪು ಪೂರ್ತಿ ಕೆಟ್ಟದ್ದಾಗಿದ್ದರೆ ತಪ್ಪು ಬಯಲಾಗುವ ಮಾತೇ ಇರಲಿಲ್ಲ. ಲಾಫ್ಟಸ್ ಪ್ರಯೋಗದಲ್ಲೂ, ದಾರಿ ತಪ್ಪಿಸುವ ಪ್ರಶ್ನೆ ಕೇಳಿಸಿಕೊಂಡ ಐವತ್ತರಲ್ಲಿ ಮೂವತ್ತನಾಲ್ಕು ಮಂದಿ ಗಾಜು ಕಂಡಿಲ್ಲ ಎಂದು ಸರಿಯಾಗಿಯೇ ಹೇಳಿದರು. ಹಾಗಾಗಿ ಈ ಚಿತ್ರಗಳಿಂದ ಹೊರಡುವ ತೀರ್ಮಾನ ಸಾಕ್ಷಿಯನ್ನು ನಂಬಬೇಡಿ ಎಂದಲ್ಲ, ಸಾಕ್ಷಿಯ ಕಿವಿಗೆ ಯಾವ ಮಾತು ಯಾವಾಗ ಬಿತ್ತು ಎಂದು ವಿಚಾರಿಸಿ ಎಂದು. ನಮ್ಮ ಕಾನೂನಿಗೂ ಇದು ಹೊಸತಲ್ಲ. 1872ರ ಸಾಕ್ಷ್ಯ ಅಧಿನಿಯಮ ಮುಖ್ಯ ವಿಚಾರಣೆಯಲ್ಲಿ ಉತ್ತರವನ್ನು ಸೂಚಿಸುವ ಪ್ರಶ್ನೆ ಕೇಳದಂತೆ ಸಾಮಾನ್ಯವಾಗಿ ತಡೆದು, ಪಾಟೀಸವಾಲಿನಲ್ಲಿ ಅದಕ್ಕೆ ಎಡೆ ಕೊಟ್ಟಿತ್ತು. 2024ರ ಜುಲೈನಲ್ಲಿ ಜಾರಿಗೆ ಬಂದ ಭಾರತೀಯ ಸಾಕ್ಷ್ಯ ಅಧಿನಿಯಮವೂ ಆ ತಡೆಯನ್ನು ಉಳಿಸಿಕೊಂಡಿದೆ. ದುರ್ಬಲವಾದದ್ದು ನೊಂದವರ ನೆನಪಲ್ಲ. ಅವರನ್ನು ನಾವು ಪ್ರಶ್ನಿಸುವ ರೀತಿಯಲ್ಲಿ ಅಪಾಯವಿದೆ.

ಮೂರನೆಯ ಆಕ್ಷೇಪ ಹೊಸ ಕಾಲದ್ದು. ಇವತ್ತು ಈ ಚಿತ್ರಗಳನ್ನು ಫೋನಿನಲ್ಲೇ ನೋಡಬಹುದು, ಬೇಕಾದಲ್ಲಿ ನಿಲ್ಲಿಸಿ ಹಿಂದಕ್ಕೆ ಓಡಿಸಬಹುದು. ಹಾಗಿರುವಾಗ ಮರೆವಿನ ಪ್ರಶ್ನೆ ಎಲ್ಲಿದೆ? ಇದು ನಿಜವಾದ ತೊಂದರೆ, ನನ್ನ ವಾದವೂ ಇದರೆದುರು ಅರ್ಧಕ್ಕೆ ನಿಲ್ಲುತ್ತದೆ. ಹಿಂದಕ್ಕೆ ಓಡಿಸಿ ನೋಡಿದ ‘ನಾಸ್ಟಾಲ್ಜಿಯಾ’ ಒಂದು ಒಗಟಾಗಿ ಇಳಿದುಹೋಗುತ್ತದೆ, ಒಗಟು ಬಿಡಿಸಿದ ಮೇಲೆ ಮುಗಿಯಿತು. ಪ್ರೊಜೆಕ್ಟರ್ ನಿಲ್ಲದೆ ಮುಂದೆ ಓಡುತ್ತಿರುವುದು ಈ ಕೃತಿಗಳ ಒಡಲಿನ ಭಾಗ. ಸಂಗೀತ ಕಛೇರಿಯಲ್ಲಿ ಆಲಾಪನೆಯನ್ನು ನಿಲ್ಲಿಸಿ ಹಿಂದಿನ ಸಂಚಾರ ಇನ್ನೊಮ್ಮೆ ಹಾಡಿ ಎನ್ನುವುದಿಲ್ಲವಲ್ಲ, ಹಾಗೆ. ಆದ್ದರಿಂದ ಇವುಗಳನ್ನು ಸಭಾಂಗಣದಲ್ಲಿ, ಕತ್ತಲಲ್ಲಿ, ಒಂದೇ ಓಟದಲ್ಲಿ ತೋರಿಸುವ ಏರ್ಪಾಟು ಇರಬೇಕು. ಬೆಂಗಳೂರಿಗೆ ಈ ವಿಷಯದಲ್ಲಿ ಬೇರು ಇಲ್ಲದಿಲ್ಲ. 1971ರಿಂದ ಸುಚಿತ್ರಾ ಫಿಲಂ ಸೊಸೈಟಿ ಇದೆ. 2003ರಲ್ಲಿ ಆರಂಭವಾದ ‘ಎಕ್ಸ್‌ಪೆರಿಮೆಂಟಾ’ ಉತ್ಸವ ಪ್ರಾಯೋಗಿಕ ಚಿತ್ರಗಳನ್ನೇ ಈ ನಗರಕ್ಕೆ ತಂದಿದೆ. ಆದರೆ ಇಂಥ ಪ್ರದರ್ಶನಗಳು ಆಸಕ್ತರ ಸಣ್ಣ ವಲಯ ದಾಟಿ ಕಾನೂನು ಕಾಲೇಜು, ಪತ್ರಿಕೋದ್ಯಮ ವಿಭಾಗ, ಶಿಕ್ಷಕರ ತರಬೇತಿ ಕೇಂದ್ರಗಳಿಗೆ ಹೋಗಬೇಕೆಂಬುದು ನನ್ನ ಒತ್ತಾಯ. ‘ನಾಸ್ಟಾಲ್ಜಿಯಾ’ವನ್ನು ಮೊದಲ ಸಲ ಯಾವ ಪೀಠಿಕೆಯೂ ಇಲ್ಲದೆ ತೋರಿಸಿ, ಕಂಡದ್ದನ್ನು ಪ್ರತಿಯೊಬ್ಬರಿಂದಲೂ ಬರೆಸಿ, ಆ ಹಾಳೆಗಳನ್ನು ಅವರವರ ಕೈಗೇ ಕೊಟ್ಟು ಅದೇ ದಿನ ಎರಡನೆಯ ಸಲ ತೋರಿಸಬೇಕು. ಸಾಕ್ಷಿಗಳನ್ನು ವಿಚಾರಿಸುವ, ವರದಿ ಬರೆಯುವ, ಮಕ್ಕಳ ಉತ್ತರ ತಿದ್ದುವ ಕೆಲಸಕ್ಕೆ ಹೊರಟವರಿಗೆ ಹೀಗೆ ತೋರಿಸಲು ಬೇಕಾದದ್ದು ಒಂದು ಮಧ್ಯಾಹ್ನ, ಒಂದು ಕತ್ತಲೆ ಕೋಣೆ, ತಲೆಗೊಂದು ಖಾಲಿ ಹಾಳೆ.